ಮಾಲ್ಗುಡಿಯನ್ನು ನಮ್ಮ ಮಲೆನಾಡಿಗೆ ತಂದ ಶಂಕರಣ್ಣ

ಸುವರ್ಣ ಮಹೋತ್ಸವದ ಸ್ಮರಣ ಸಂಚಿಕೆಗೆ ಒಂದು ಲೇಖನ ಬರೆದುಕೊಡಬೇಕೆಂದು ಸಂಪಾದಕ ಮಂಡಳಿಯವರು ಫೋನ್ ಮಾಡಿದಾಗ ನಾನು ಹಿಂಜರಿದೆ. ಬಿ.ಇ. ಮುಗಿಸಿ ಬೆಂಗಳೂರಿನಲ್ಲಿ ಸಾಫ್ಟ್‌ವೇರ್ ಕೆಲಸಕ್ಕೆ ಸೇರಿದ ಮೇಲೆ ನಾನು ಕನ್ನಡದಲ್ಲಿ ಬರೆದದ್ದೆಂದರೆ ವಾಟ್ಸ್‌ಆ್ಯಪ್ ಸಂದೇಶಗಳು ಮಾತ್ರ. ಶಾಲೆಯ ಇತಿಹಾಸ ಬರೆಯಲು ಹಿರಿಯರಿದ್ದಾರೆ. ತರಗತಿಯ ತುಂಟಾಟಗಳನ್ನು ನನಗಿಂತ ಚೆನ್ನಾಗಿ ಹೇಳುವ ಗೆಳೆಯರಿದ್ದಾರೆ. ಹಾಗಾಗಿ ಇದೇ ಶಾಲೆಯ ಬೆಂಚಿನ ಮೇಲೆ ಕುಳಿತು ನಾನು ಪರಿಚಯ ಮಾಡಿಕೊಂಡ ಒಬ್ಬ ದೊಡ್ಡ ಮನುಷ್ಯರ ಬದುಕನ್ನು ನನಗೆ ತಿಳಿದಷ್ಟು ಬರೆಯುತ್ತೇನೆ. ಅವರು ಶಂಕರ್‌ನಾಗ್. ಆಟೋಗಳ ಹಿಂದೆ ಇರುವ ಚಿತ್ರದಿಂದ ಅವರು ಎಲ್ಲರಿಗೂ ಗೊತ್ತು. ನಾನು ಹೇಳಹೊರಟಿರುವುದು ಮುಖ್ಯವಾಗಿ 'ಮಾಲ್ಗುಡಿ ಡೇಸ್' ಎಂಬ ಟಿ.ವಿ. ಧಾರಾವಾಹಿಯ ನಿರ್ದೇಶಕ ಶಂಕರ್‌ನಾಗ್ ಬಗ್ಗೆ.

ನಾನು ಹತ್ತನೇ ತರಗತಿಯಲ್ಲಿದ್ದ 2005ರ ಮಳೆಗಾಲ. ನಮ್ಮ ಕನ್ನಡ ಮೇಷ್ಟ್ರು ಒಂದು ಶನಿವಾರ ಎಲ್ಲಿಂದಲೋ ಒಂದು ಟಿ.ವಿ. ಮತ್ತು ಸಿ.ಡಿ. ಪ್ಲೇಯರ್ ತರಿಸಿ, ನಮ್ಮನ್ನೆಲ್ಲ ದೊಡ್ಡ ಕೊಠಡಿಯಲ್ಲಿ ಕೂರಿಸಿ 'ಮಾಲ್ಗುಡಿ ಡೇಸ್' ಹಾಕಿದರು. ಮಾತು ಹಿಂದಿಯಲ್ಲಿತ್ತು. ನಮಗೆ ಬರುತ್ತಿದ್ದ ಹಿಂದಿ ಪರೀಕ್ಷೆಗೆ ಸಾಕಾಗುವಷ್ಟು ಮಾತ್ರ. ಮೇಷ್ಟ್ರು ಪಕ್ಕದಲ್ಲಿ ನಿಂತು ಕನ್ನಡದಲ್ಲಿ ಅರ್ಥ ಹೇಳುತ್ತಿದ್ದರು. ಆದರೆ ನಮಗೆ ಆಶ್ಚರ್ಯವಾದದ್ದು ಕಥೆಯಿಂದಲ್ಲ. ಟಿ.ವಿ.ಯಲ್ಲಿ ನಮ್ಮ ಮನೆಯಂಥದೇ ಮನೆ ಇತ್ತು. ಹೆಂಚಿನ ಮಾಡು, ಜಗುಲಿ, ಮರದ ಕಂಬ, ಹಸಿರು ಗುಡ್ಡ, ಎಲ್ಲವೂ ನಮ್ಮದೇ. ಅಲ್ಲಿಯವರೆಗೆ ಟಿ.ವಿ.ಯಲ್ಲಿ ಬರುವ ಊರುಗಳೆಲ್ಲ ಬೇರೆ ಯಾರದೋ ಎಂದುಕೊಂಡಿದ್ದೆವು. ಇದನ್ನು ಆಗುಂಬೆಯಲ್ಲಿ ತೆಗೆದದ್ದು ಎಂದು ಮೇಷ್ಟ್ರು ಹೇಳಿದಾಗ ನಾವು ನಂಬಲಿಲ್ಲ.

ಸ್ವಾಮಿಯ ಗೆಳೆಯ ರಾಜಂ ಊರು ಬಿಟ್ಟು ಹೋಗುವ ಹೊತ್ತು. ಸ್ವಾಮಿ ಕೈಯಲ್ಲೊಂದು ಪುಸ್ತಕ ಹಿಡಿದು ರೈಲು ನಿಲ್ದಾಣಕ್ಕೆ ಓಡಬೇಕು, ಅಷ್ಟರಲ್ಲಿ ಕರೆಂಟ್ ಹೋಯಿತು. ಮಳೆಗಾಲದ ನಮ್ಮೂರಿನ ಕರೆಂಟ್ ಮತ್ತೆ ಯಾವಾಗ ಬರುತ್ತದೆಂದು ಎಲ್ಲರಿಗೂ ಗೊತ್ತಿತ್ತು. ಮೇಷ್ಟ್ರು ಕತ್ತಲಲ್ಲೇ ನಿಂತು ಉಳಿದ ಕಥೆ ಹೇಳಿ ಮುಗಿಸಿದರು. ಆ ಕೊನೆಯ ದೃಶ್ಯವನ್ನು ನಾನು ಕಣ್ಣಾರೆ ನೋಡಿದ್ದು ಎಷ್ಟೋ ವರ್ಷಗಳ ಮೇಲೆ, ಬೆಂಗಳೂರಿನ ಬಾಡಿಗೆ ಕೋಣೆಯಲ್ಲಿ. ಅದನ್ನು ನೋಡಿದ ರಾತ್ರಿಯಿಂದಲೇ ಶಂಕರ್‌ನಾಗ್ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದಲು ಶುರುಮಾಡಿದೆ.

ಶಂಕರ್‌ನಾಗ್ ಹುಟ್ಟಿದ್ದು 1954ರ ನವೆಂಬರ್ 9ರಂದು, ಉತ್ತರ ಕನ್ನಡದ ಹೊನ್ನಾವರದಲ್ಲಿ. ಮನೆಮಾತು ಕೊಂಕಣಿ. ತಂದೆ ಸದಾನಂದ, ತಾಯಿ ಆನಂದಿ. ನಾಗರಕಟ್ಟೆ ಎಂಬ ಮನೆತನದ ಹೆಸರೇ ಮುಂದೆ ಚಿಕ್ಕದಾಗಿ ನಾಗ್ ಆಯಿತು. ನಮಗೆಲ್ಲ ಪರಿಚಿತರಾದ ನಟ ಅನಂತ್‌ನಾಗ್ ಇವರ ಅಣ್ಣ. ಇಬ್ಬರಿಗೂ ಆರು ವರ್ಷಗಳ ಅಂತರ. ಓದು ಮುಗಿಸಿ ಶಂಕರ್ ಮುಂಬೈಗೆ ಹೋದರು. ಆ ಕಾಲದ ಮುಂಬೈಯಲ್ಲಿ ಮರಾಠಿ ರಂಗಭೂಮಿ ಬಹಳ ಚುರುಕಾಗಿತ್ತು. ಹಗಲು ದುಡಿದು ಸಂಜೆ ತಾಲೀಮಿಗೆ ಬರುವ ಹುಡುಗ ಹುಡುಗಿಯರ ತಂಡಗಳು ಎಷ್ಟೋ ಇದ್ದವು. ಶಂಕರ್ ಈ ಲೋಕಕ್ಕೆ ಬಿದ್ದರು. ನಟಿಸಿದರು, ಬರೆದರು, ನಾಟಕ ಆಡಿಸುವುದನ್ನೂ ಕಲಿತರು. ಬಾಳಸಂಗಾತಿ ಅರುಂಧತಿ ಅವರು ಪರಿಚಯವಾದದ್ದೂ ಅಲ್ಲಿಯ ರಂಗಭೂಮಿಯಲ್ಲೇ. '22 ಜೂನ್ 1897' ಎಂಬ ಹೆಸರಾಂತ ಮರಾಠಿ ಚಿತ್ರದ ಬರವಣಿಗೆಯಲ್ಲೂ ಅವರ ಕೈಯಿದೆ.

ಅವರನ್ನು ಕನ್ನಡಕ್ಕೆ ಕರೆತಂದವರು ಗಿರೀಶ್ ಕಾರ್ನಾಡರು. 1978ರಲ್ಲಿ ಬಂದ ಕಾರ್ನಾಡರ 'ಒಂದಾನೊಂದು ಕಾಲದಲ್ಲಿ' ಚಿತ್ರದಲ್ಲಿ ಶಂಕರ್ ಕೂಲಿಗಾಗಿ ಕತ್ತಿ ಹಿಡಿಯುವ ಯೋಧನಾದರು. ಮೊದಲ ಚಿತ್ರಕ್ಕೇ ಭಾರತದ ಅಂತರರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ ಬಂತು. ಅಲ್ಲಿಂದ ಅವರು ಹಿಂತಿರುಗಿ ನೋಡಲಿಲ್ಲ. 1980ರ 'ಆಟೋ ರಾಜ' ಅವರನ್ನು ಆಟೋ ಚಾಲಕರ ಮನೆಯ ಮಗನನ್ನಾಗಿ ಮಾಡಿತು. ಹೊಡೆದಾಟದ ಚಿತ್ರಗಳಿಂದ ಕರಾಟೆ ಕಿಂಗ್ ಎಂಬ ಬಿರುದೂ ಅಂಟಿಕೊಂಡಿತು. ಸುಮಾರು 12 ವರ್ಷಗಳಲ್ಲಿ 80ಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದರು. ಅವೆಲ್ಲವೂ ಒಳ್ಳೆಯ ಚಿತ್ರಗಳೆಂದು ಅಭಿಮಾನಿಯಾದ ನಾನೂ ಹೇಳಲಾರೆ. ವರ್ಷಕ್ಕೆ ಆರೇಳು ಚಿತ್ರ ಮಾಡುವವರಿಗೆ ಎಲ್ಲವನ್ನೂ ಆರಿಸಿಕೊಂಡು ಮಾಡಲು ಸಾಧ್ಯವಿರಲಿಲ್ಲ.

ಆದರೆ ನಟನೆಯ ಓಟದ ನಡುವೆಯೇ ಅವರು ಇನ್ನೊಂದು ಕೆಲಸ ಮಾಡುತ್ತಿದ್ದರು. ಅರುಂಧತಿ ಮತ್ತು ಗೆಳೆಯರ ಜೊತೆ ಬೆಂಗಳೂರಿನಲ್ಲಿ ಸಂಕೇತ್ ಎಂಬ ನಾಟಕ ತಂಡ ಕಟ್ಟಿದರು. 'ಅಂಜುಮಲ್ಲಿಗೆ', 'ಬ್ಯಾರಿಸ್ಟರ್', 'ಸಂಧ್ಯಾಛಾಯಾ', 'ನೋಡಿ ಸ್ವಾಮಿ ನಾವಿರೋದು ಹೀಗೆ', 'ನಾಗಮಂಡಲ' ಮುಂತಾದ ನಾಟಕಗಳನ್ನು ಈ ತಂಡ ಆಡಿತು. ಹೆಸರು ಮಾಡಿದ ಸಿನಿಮಾ ನಟರೊಬ್ಬರು ಮತ್ತೆ ಮತ್ತೆ ರಂಗದ ಮೇಲೆ ಬಂದು ನಿಲ್ಲುವುದು ಆಗಲೂ ಅಪರೂಪ, ಈಗಲೂ ಅಪರೂಪ.

ಚಿತ್ರ ನಿರ್ದೇಶನಕ್ಕೆ ಇಳಿದಾಗ ಅವರ ವಯಸ್ಸು ಇನ್ನೂ ಇಪ್ಪತ್ತೈದರ ಆಸುಪಾಸು. ಮೊದಲ ಚಿತ್ರ 1980ರ 'ಮಿಂಚಿನ ಓಟ'. ಕಾರು ಕದಿಯುವ ಇಬ್ಬರು ಮತ್ತು ಜೈಲಿನಿಂದ ತಪ್ಪಿಸಿಕೊಳ್ಳುವ ಕಥೆ. ಅಣ್ಣ ತಮ್ಮ ಇಬ್ಬರೂ ಅದರಲ್ಲಿ ನಟಿಸಿದರು. ರಾಜ್ಯ ಸರ್ಕಾರದ ಮೊದಲ ಅತ್ಯುತ್ತಮ ಚಿತ್ರ ಪ್ರಶಸ್ತಿ ಅದಕ್ಕೆ ಬಂತು. ಮರುವರ್ಷ 'ಗೀತಾ' ಬಂತು. ಇಳಯರಾಜಾ ಸಂಗೀತದ ಅದರ ಹಾಡುಗಳು ಇಂದಿಗೂ ನಮ್ಮೂರ ವಾರ್ಷಿಕೋತ್ಸವಗಳಲ್ಲಿ ಕೇಳುತ್ತವೆ. 1985ರ 'ಆಕ್ಸಿಡೆಂಟ್' ಇನ್ನೂ ಗಟ್ಟಿಯಾದ ಚಿತ್ರ. ಮಾದಕ ವಸ್ತುವಿನ ಅಮಲಿನಲ್ಲಿ ಒಬ್ಬ ರಾಜಕಾರಣಿಯ ಮಗ ಫುಟ್‌ಪಾತ್ ಮೇಲೆ ಮಲಗಿದ ಬಡವರ ಮೇಲೆ ಕಾರು ಹಾಯಿಸುತ್ತಾನೆ. ತಂದೆ ಅದನ್ನು ಮುಚ್ಚಿಹಾಕಲು ನೋಡುತ್ತಾನೆ. ಒಬ್ಬ ಪತ್ರಕರ್ತ ಬೆನ್ನುಹತ್ತುತ್ತಾನೆ. ತಂದೆಯಾಗಿ ಅನಂತ್‌ನಾಗ್, ಪತ್ರಕರ್ತನಾಗಿ ಸ್ವತಃ ಶಂಕರ್. ಸಾಮಾಜಿಕ ವಿಷಯದ ಚಿತ್ರಗಳಿಗೆ ಕೊಡುವ ರಾಷ್ಟ್ರಪ್ರಶಸ್ತಿ ಅದಕ್ಕೆ ಸಿಕ್ಕಿತು. ಇಂದಿನ ಪತ್ರಿಕೆಗಳನ್ನು ಓದುವಾಗ ಆ ಚಿತ್ರ ಹಳೆಯದೆನಿಸುವುದಿಲ್ಲ.

ಈಗ 'ಮಾಲ್ಗುಡಿ ಡೇಸ್' ವಿಷಯಕ್ಕೆ ಬರುತ್ತೇನೆ. ಆಗಿನ ಟಿ.ವಿ.ಯ ಸ್ಥಿತಿಯನ್ನು ಇಂದಿನ ಮಕ್ಕಳಿಗೆ ಸ್ವಲ್ಪ ವಿವರಿಸಬೇಕು. ಇಡೀ ದೇಶಕ್ಕೆ ಇದ್ದದ್ದು ದೂರದರ್ಶನ ಒಂದೇ. 1984ರಲ್ಲಿ 'ಹಮ್ ಲೋಗ್' ಶುರುವಾದ ಮೇಲೆ ಧಾರಾವಾಹಿಗಳ ರುಚಿ ಜನರಿಗೆ ಹತ್ತಿತ್ತು. ಊರಿಗೊಂದೋ ಎರಡೋ ಟಿ.ವಿ. ಇರುತ್ತಿದ್ದವು. ಒಬ್ಬರು ಮಾಡಿನ ಮೇಲೆ ಹತ್ತಿ ಆಂಟೆನಾ ತಿರುಗಿಸುವುದು, ಇನ್ನೊಬ್ಬರು ಒಳಗಿನಿಂದ ಬಂತು, ಹೋಯ್ತು ಎಂದು ಕೂಗುವುದು. ನಮ್ಮ ಅಮ್ಮ ಈಗಲೂ ಇದನ್ನು ಹೇಳಿ ನಗುತ್ತಾರೆ.

ಇಂಥ ಕಾಲದಲ್ಲಿ ನಿರ್ಮಾಪಕ ಟಿ.ಎಸ್. ನರಸಿಂಹನ್ ಅವರು ಆರ್.ಕೆ. ನಾರಾಯಣ್ ಅವರ ಕಥೆಗಳನ್ನು ಟಿ.ವಿ.ಗೆ ತರಲು ಹೊರಟರು. ನಿರ್ದೇಶನ ಶಂಕರ್‌ನಾಗ್ ಪಾಲಿಗೆ ಬಂತು. ನಾರಾಯಣ್ ಮೈಸೂರಿನಲ್ಲಿ ಬದುಕಿ ಇಂಗ್ಲಿಷಿನಲ್ಲಿ ಬರೆದವರು. ಅವರ ಮಾಲ್ಗುಡಿ ಯಾವ ನಕ್ಷೆಯಲ್ಲೂ ಇಲ್ಲದ ಊರು. 1935ರಲ್ಲಿ ಬಂದ ಅವರ ಮೊದಲ ಕಾದಂಬರಿ 'ಸ್ವಾಮಿ ಅಂಡ್ ಫ್ರೆಂಡ್ಸ್'ನಿಂದಲೇ ಆ ಊರು ಇತ್ತು. ಓದಿದವರೆಲ್ಲ ತಮ್ಮ ತಮ್ಮ ಮನಸ್ಸಿನಲ್ಲಿ ಅದನ್ನು ಕಟ್ಟಿಕೊಂಡಿದ್ದರು. ಇಲ್ಲದ ಊರನ್ನು ಇದೆ ಎಂದು ಎಲ್ಲರೂ ನಂಬುವಂತೆ ತೋರಿಸುವುದು ಸುಲಭದ ಕೆಲಸವಲ್ಲ. ಅದೂ ಅಲ್ಲದೆ ನಾರಾಯಣ್ ಅವರಿಗೆ ತಮ್ಮ 'ಗೈಡ್' ಕಾದಂಬರಿ ಹಿಂದಿ ಸಿನಿಮಾ ಆದ ರೀತಿ ಹಿಡಿಸಿರಲಿಲ್ಲ. ಅಂಥ ಲೇಖಕರನ್ನು ಮೆಚ್ಚಿಸಬೇಕಿತ್ತು.

ಸ್ಟುಡಿಯೋದಲ್ಲಿ ಸೆಟ್ ಹಾಕಿ ಮುಗಿಸಬಹುದಿತ್ತು. ಶಂಕರ್ ಹಾಗೆ ಮಾಡದೆ ನಮ್ಮ ತೀರ್ಥಹಳ್ಳಿ ತಾಲ್ಲೂಕಿನ ಆಗುಂಬೆಗೆ ಬಂದರು. ದಕ್ಷಿಣದ ಚಿರಾಪುಂಜಿ ಎಂದು ಹೆಸರಾದ, ವರ್ಷದಲ್ಲಿ ಅರ್ಧಕಾಲ ಮಳೆಯಲ್ಲೇ ನೆನೆಯುವ ಊರು ಅದು. ಅಲ್ಲಿಯ ಹಳೆಯ ದೊಡ್ಡಮನೆ ಸ್ವಾಮಿಯ ಮನೆಯಾಯಿತು. ಊರಿನ ಬೀದಿ ಮಾಲ್ಗುಡಿಯ ಬೀದಿಯಾಯಿತು. ಕಲಾ ನಿರ್ದೇಶಕ ಜಾನ್ ದೇವರಾಜ್ ಕಥೆಯಲ್ಲಿ ಬರುವ ಬ್ರಿಟಿಷ್ ಅಧಿಕಾರಿಯ ಪ್ರತಿಮೆಯನ್ನೂ ಮಾಡಿ ನಿಲ್ಲಿಸಿದರು. ಊರವರೇ ದಾರಿಹೋಕರಾಗಿ, ಅಂಗಡಿಯವರಾಗಿ ಕ್ಯಾಮೆರಾ ಮುಂದೆ ನಡೆದಾಡಿದರು. ಮಾಲ್ಗುಡಿಗೆ ರೈಲು ನಿಲ್ದಾಣ ಬೇಕಿತ್ತು. ಅದಕ್ಕೆ ಶಿವಮೊಗ್ಗ-ತಾಳಗುಪ್ಪ ಮಾರ್ಗದ ಅರಸಾಳು ನಿಲ್ದಾಣ ಸಿಕ್ಕಿತು. ನಮ್ಮ ಕಡೆಯವರು ರೈಲುಬಸ್ಸಿನ ಕಾಲದಲ್ಲಿ ಎಷ್ಟೋ ಸಲ ಹತ್ತಿ ಇಳಿದ ನಿಲ್ದಾಣ. ಮೇಷ್ಟ್ರು ಕತ್ತಲಲ್ಲಿ ವರ್ಣಿಸಿದ್ದ ಆ ಕೊನೆಯ ದೃಶ್ಯವನ್ನು ನಾನು ಬೆಂಗಳೂರಿನಲ್ಲಿ ನೋಡಿದಾಗ, ಸ್ವಾಮಿ ಓಡಿಬಂದದ್ದು ನಮ್ಮ ಅರಸಾಳಿಗೆ ಎಂದು ತಿಳಿದು ಮೈ ಜುಮ್ಮೆಂದಿತು.

ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ತಂದೆಯಾಗಿ ಗಿರೀಶ್ ಕಾರ್ನಾಡ್, ತಾಯಿಯಾಗಿ ವೈಶಾಲಿ ಕಾಸರವಳ್ಳಿ. 'ಸಿಹಿತಿಂಡಿ ವ್ಯಾಪಾರಿ'ಯ ಜಗನ್ ಆಗಿ ಅನಂತ್‌ನಾಗ್. ಕ್ಯಾಮೆರಾ ಎಸ್. ರಾಮಚಂದ್ರ ಅವರದು, ಸಂಗೀತ ಎಲ್. ವೈದ್ಯನಾಥನ್ ಅವರದು. ಶೀರ್ಷಿಕೆಯ ಜೊತೆ ಬರುವ ರೇಖಾಚಿತ್ರಗಳು ನಾರಾಯಣ್ ಅವರ ತಮ್ಮ ಆರ್.ಕೆ. ಲಕ್ಷ್ಮಣ್ ಅವರದು. ದೂರದರ್ಶನದಲ್ಲಿ ಪ್ರಸಾರವಾದಾಗ ಇಡೀ ದೇಶ ಇದನ್ನು ನೋಡಿತು. ಶಂಕರ್ ನಿರ್ದೇಶಿಸಿದ್ದು 39 ಕಂತುಗಳು. ಮಂಜುನಾಥ್‌ಗೆ ಸ್ವಾಮಿಯ ಪಾತ್ರಕ್ಕಾಗಿ ರಾಷ್ಟ್ರಪ್ರಶಸ್ತಿ ಬಂತು. ನಾರಾಯಣ್ ಅವರಿಗೂ ಧಾರಾವಾಹಿ ಇಷ್ಟವಾಯಿತು.

ಎಂಜಿನಿಯರ್ ಆದ ನನಗೆ ಯಾವುದನ್ನು ನೋಡಿದರೂ ಇದು ಹೇಗೆ ಕೆಲಸ ಮಾಡುತ್ತದೆಂದು ಬಿಚ್ಚಿ ನೋಡುವ ಚಾಳಿ. 'ಮಾಲ್ಗುಡಿ ಡೇಸ್' ಅನ್ನೂ ಹಾಗೆ ನೋಡಿದೆ. ಒಂದೊಂದು ಕಂತೂ ಅರ್ಧ ಗಂಟೆಗಿಂತ ಕಡಿಮೆ. ಹೊಡೆದಾಟವಿಲ್ಲ, ಅಬ್ಬರವಿಲ್ಲ, ನಾಲ್ಕು ಜನರನ್ನು ಹೊಡೆದುರುಳಿಸುವ ಕರಾಟೆ ಕಿಂಗ್ ಇಲ್ಲ. ಒಬ್ಬ ಹುಡುಗನಿಗೆ ಶಾಲೆ ತಪ್ಪಿಸಬೇಕು, ಒಬ್ಬ ಮುದುಕನಿಗೆ ಮಗ ಅರ್ಥವಾಗುತ್ತಿಲ್ಲ, ಅಷ್ಟೇ. ಸಿನಿಮಾದಲ್ಲಿ ಮಿಂಚಿನಂತೆ ಓಡಿದ ಮನುಷ್ಯರು ಇಲ್ಲಿ ತಾಳ್ಮೆಯಿಂದ ಕುಳಿತು ಸಣ್ಣವರ ಸಣ್ಣ ದುಃಖವನ್ನು ನೋಡಿದ್ದಾರೆ. ಯಾರನ್ನೂ ಗೇಲಿ ಮಾಡಿಲ್ಲ.

ಅದರಲ್ಲೊಂದು ಕಂತು ನನ್ನನ್ನು ಬಹಳ ಕಾಡುತ್ತದೆ. ತಿಂಗಳಿಗೆ ನಲವತ್ತೈದು ರೂಪಾಯಿ ಎಂಬ ಕಥೆ. ವೆಂಕಟ ರಾವ್ ಎಂಬ ಗುಮಾಸ್ತನಾಗಿ ವಿಷ್ಣುವರ್ಧನ್ ನಟಿಸಿದ್ದಾರೆ. ಮಗಳನ್ನು ಸಂಜೆ ಸಿನಿಮಾಕ್ಕೆ ಕರೆದೊಯ್ಯುವುದಾಗಿ ವೆಂಕಟ ರಾವ್ ಮಾತು ಕೊಟ್ಟಿರುತ್ತಾನೆ. ಮಗಳು ಹೊಸ ಬಟ್ಟೆ ಹಾಕಿಕೊಂಡು ಕಾಯುತ್ತಾಳೆ. ಆಫೀಸಿನಲ್ಲಿ ಬಿಡುವುದಿಲ್ಲ. ಸಿಟ್ಟು ಬಂದು ರಾಜೀನಾಮೆ ಬರೆಯುತ್ತಾನೆ. ಆದರೆ ಅದೇ ದಿನ ಸಂಬಳಕ್ಕೆ ಐದು ರೂಪಾಯಿ ಏರಿಕೆಯಾಗುತ್ತದೆ. ರಾಜೀನಾಮೆ ಪತ್ರ ಜೇಬಿಗೆ ಹೋಗುತ್ತದೆ. ರಾತ್ರಿ ಮನೆಗೆ ಬಂದಾಗ ಮಗಳು ಬಟ್ಟೆ ಬದಲಿಸದೆ ಹಾಗೆಯೇ ಮಲಗಿ ನಿದ್ದೆ ಹೋಗಿದ್ದಾಳೆ. ನಮ್ಮ ಕಂಪನಿಗಳಲ್ಲಿ ವರ್ಷಕ್ಕೊಮ್ಮೆ ಸಂಬಳ ಏರಿಸುವ ಕಾಲ ಬಂದಾಗಲೆಲ್ಲ ನನಗೆ ವೆಂಕಟ ರಾವ್ ನೆನಪಾಗುತ್ತಾನೆ. ನಾವೆಲ್ಲ ಅವನ ಸಂತಾನವೇ.

ಶಂಕರ್‌ನಾಗ್ ಮಾತ್ರ ಯಾವುದನ್ನೂ ನಾಳೆಗೆ ಇಟ್ಟವರಲ್ಲ. ಬೆಂಗಳೂರಿನಲ್ಲಿ ಸಂಕೇತ್ ಹೆಸರಿನಲ್ಲೇ ಧ್ವನಿಮುದ್ರಣ ಸ್ಟುಡಿಯೋ ಮಾಡಿದರು. ಡಾ. ರಾಜ್‌ಕುಮಾರ್ ಅವರನ್ನು ಹಾಕಿಕೊಂಡು, ಜಾನ್ ಸ್ಟೈನ್‌ಬೆಕ್‌ರ ಕಾದಂಬರಿ ಆಧರಿಸಿ 1987ರಲ್ಲಿ 'ಒಂದು ಮುತ್ತಿನ ಕಥೆ' ನಿರ್ದೇಶಿಸಿದರು. ಬೆಂಗಳೂರಿಗೆ ಮೆಟ್ರೋ ರೈಲು ಬೇಕು, ನಂದಿ ಬೆಟ್ಟಕ್ಕೆ ರೋಪ್‌ವೇ ಬೇಕು, ಬಡವರಿಗೆ ಕಡಿಮೆ ಖರ್ಚಿನ ಮನೆ ಬೇಕು ಎಂದು ಎಂಬತ್ತರ ದಶಕದಲ್ಲೇ ಓಡಾಡಿದರು. ಆಗ ಅದು ಸಿನಿಮಾದವರ ಕನಸಿನಂತೆ ಕೇಳಿಸಿರಬಹುದು. ಬೆಂಗಳೂರಿನಲ್ಲಿ ಮೊದಲ ಮೆಟ್ರೋ ಓಡಿದ್ದು 2011ರಲ್ಲಿ. ನಾನು ದಿನಾ ಆಫೀಸಿಗೆ ಹೋಗುವುದು ಅದರಲ್ಲೇ. ಅದರಲ್ಲಿ ನಿಂತು ಅವರನ್ನು ನೆನೆಯುವವನು ನಾನೊಬ್ಬನೇ ಅಲ್ಲ ಎಂದು ನನಗೆ ಗೊತ್ತು.

1990ರ ಸೆಪ್ಟೆಂಬರ್ 30. 'ಜೋಕುಮಾರಸ್ವಾಮಿ' ಚಿತ್ರದ ಕೆಲಸಕ್ಕಾಗಿ ಶಂಕರ್ ಬೆಂಗಳೂರಿನಿಂದ ಉತ್ತರ ಕರ್ನಾಟಕದ ಕಡೆ ಕಾರಿನಲ್ಲಿ ಹೊರಟಿದ್ದರು. ಜೊತೆಯಲ್ಲಿ ಅರುಂಧತಿ ಮತ್ತು ಪುಟ್ಟ ಮಗಳು ಕಾವ್ಯಾ. ದಾವಣಗೆರೆ ಹತ್ತಿರದ ಆನಗೋಡಿನ ಬಳಿ ಹೆದ್ದಾರಿಯಲ್ಲಿ ಅಪಘಾತವಾಯಿತು. ತಾಯಿ ಮಗಳು ಬದುಕುಳಿದರು. ಶಂಕರ್ ಉಳಿಯಲಿಲ್ಲ. ಆಗ ಅವರಿಗೆ 35 ವರ್ಷ. ನವೆಂಬರ್ ಬಂದಿದ್ದರೆ 36 ತುಂಬುತ್ತಿತ್ತು. ಆ ದಿನ ನಮ್ಮೂರ ಎಷ್ಟೋ ಮನೆಗಳಲ್ಲಿ ಒಲೆ ಹಚ್ಚಲಿಲ್ಲವೆಂದು ಅಪ್ಪ ಹೇಳುತ್ತಾರೆ. ನಾನಾಗ ಏಳು ತಿಂಗಳ ಕೂಸು.

ಅವರು ಹೋದ ಮೇಲೆ ಅವರ ಕೆಲಸ ನಿಂತುಹೋಗಲಿಲ್ಲ. ಅಪಘಾತದ ಪೆಟ್ಟಿನಿಂದ ಚೇತರಿಸಿಕೊಂಡ ಅರುಂಧತಿ ನಾಗ್ ಅವರು ಮತ್ತೆ ರಂಗಕ್ಕೆ ಬಂದರು. ವರ್ಷಗಟ್ಟಲೆ ಹಣ ಕೂಡಿಸಿ, ಗೆಳೆಯರನ್ನು ಕೂಡಿಸಿ, 2004ರಲ್ಲಿ ಬೆಂಗಳೂರಿನ ಜೆ.ಪಿ. ನಗರದಲ್ಲಿ ರಂಗಶಂಕರ ಎಂಬ ನಾಟಕಮಂದಿರವನ್ನು ತೆರೆದರು. ಸೋಮವಾರ ಬಿಟ್ಟು ಉಳಿದ ದಿನಗಳಲ್ಲಿ ಅಲ್ಲಿ ನಾಟಕ. 2006ರಲ್ಲಿ ಕವಿತಾ ಲಂಕೇಶ್ ಅವರು 'ಮಾಲ್ಗುಡಿ ಡೇಸ್'ಗೆ ಇನ್ನೂ 15 ಕಂತು ಸೇರಿಸಿದರು. ಅರಸಾಳಿನ ಹಳೆಯ ನಿಲ್ದಾಣದ ಕಟ್ಟಡವನ್ನು ರೈಲ್ವೆ ಇಲಾಖೆ ದುರಸ್ತಿ ಮಾಡಿ 2020ರಲ್ಲಿ ಮಾಲ್ಗುಡಿ ವಸ್ತುಸಂಗ್ರಹಾಲಯ ಮಾಡಿದೆ. ಬರೀ ಕಥೆಯಲ್ಲಿದ್ದ ಊರಿಗೆ ಈಗ ನಮ್ಮ ನೆಲದಲ್ಲಿ ಒಂದು ವಿಳಾಸವಿದೆ. ಇನ್ನೂ ನೋಡದವರು ಮಕ್ಕಳನ್ನು ಕರೆದುಕೊಂಡು ಒಮ್ಮೆ ಹೋಗಿಬನ್ನಿ.

ಇಷ್ಟು ಬರೆದು ನಿಲ್ಲಿಸಬಹುದಿತ್ತು. ಆದರೆ ಒಂದು ಮಾತು ಹೇಳದೆ ಹೋದರೆ ಈ ಲೇಖನ ಬರೆದದ್ದು ಪ್ರಾಮಾಣಿಕವಾಗುವುದಿಲ್ಲ.

ನನಗೆ ಕೆಲಸ ಸಿಕ್ಕಿದ ಸುದ್ದಿ ತಿಳಿದು ನಮ್ಮ ಕನ್ನಡ ಮೇಷ್ಟ್ರು ಫೋನ್ ಮಾಡಿದ್ದರು. ಒಂದು ದಿನ ಶಾಲೆಗೆ ಬಂದು ಮಕ್ಕಳ ಜೊತೆ ಮಾತಾಡಿಹೋಗು, ಕನ್ನಡ ಮಾಧ್ಯಮದಲ್ಲಿ ಓದಿದವರೂ ಎಂಜಿನಿಯರ್ ಆಗಬಹುದೆಂದು ಅವರಿಗೆ ಧೈರ್ಯ ಬರಲಿ ಎಂಬುದು ಅವರ ಆಸೆ. ನಾನು ಖಂಡಿತ ಬರುತ್ತೇನೆಂದೆ. ಆ ವರ್ಷ ಪ್ರಾಜೆಕ್ಟ್ ಮುಗಿಸಬೇಕಿತ್ತು. ಮರುವರ್ಷ ಕಂಪನಿ ಬದಲಿಸಿದೆ. ಆಮೇಲೆ ಮದುವೆ, ಮನೆಸಾಲ, ಮಗು. ಹಬ್ಬಕ್ಕೆ ಊರಿಗೆ ಬಂದರೂ ಎರಡೇ ದಿನ ರಜೆ, ಶಾಲೆಗೂ ಅವತ್ತು ರಜೆ. ಮೇಷ್ಟ್ರು ಎರಡು ಮೂರು ಸಲ ನೆನಪಿಸಿದರು, ಆಮೇಲೆ ನೆನಪಿಸುವುದನ್ನು ಬಿಟ್ಟರು. ಅವರು ನಿವೃತ್ತರಾದದ್ದು ಗೊತ್ತಾಯಿತು. ಬೀಳ್ಕೊಡುಗೆ ಸಮಾರಂಭಕ್ಕೂ ಬರಲಾಗಲಿಲ್ಲ. ಕಳೆದ ವರ್ಷ ಅವರು ತೀರಿಕೊಂಡ ಸುದ್ದಿ ನಮ್ಮ ಬ್ಯಾಚಿನ ವಾಟ್ಸ್‌ಆ್ಯಪ್ ಗುಂಪಿನಲ್ಲಿ ಬಂದಾಗ ನಾನು ಆಫೀಸಿನ ಮೀಟಿಂಗಿನಲ್ಲಿದ್ದೆ. ಕೈಮುಗಿದ ಚಿತ್ರ ಹಾಕಿ ಮತ್ತೆ ಕೆಲಸ ಮಾಡಿದೆ. ಆ ರಾತ್ರಿ ಮನೆಗೆ ಬಂದಾಗ ನನ್ನ ಮಗಳೂ ನಿದ್ದೆ ಹೋಗಿದ್ದಳು.

ಈಗ ನನಗೆ 35 ವರ್ಷ. ಶಂಕರಣ್ಣ ಹೋದ ವಯಸ್ಸು. ಇಷ್ಟೇ ಆಯುಸ್ಸಿನಲ್ಲಿ ಅವರು ನಾಟಕ ತಂಡ ಕಟ್ಟಿದರು, ಚಿತ್ರ ಮಾಡಿದರು, ಇಲ್ಲದ ಊರೊಂದನ್ನು ಆಗುಂಬೆಯಲ್ಲಿ ಕಟ್ಟಿ ನಿಲ್ಲಿಸಿದರು. ನಾನು ಇಷ್ಟು ವರ್ಷಗಳಲ್ಲಿ ಬಸ್ಸು ಹತ್ತಿ ನನ್ನ ಶಾಲೆಗೆ ಬರಲಾಗಲಿಲ್ಲ. ಅವರಷ್ಟು ಪ್ರತಿಭೆ ಎಲ್ಲರಿಗೂ ಇರುವುದಿಲ್ಲ ನಿಜ. ಆದರೆ ಬಸ್ಸು ಹತ್ತಲು ಪ್ರತಿಭೆ ಬೇಕಾಗಿಲ್ಲ.

ಆದ್ದರಿಂದ 2005-06ನೇ ಸಾಲಿನ ನಮ್ಮ ಎಸ್.ಎಸ್.ಎಲ್.ಸಿ. ಬ್ಯಾಚಿನವರು ಸೇರಿ ಶಾಲೆಗೆ ಒಂದು ಪ್ರೊಜೆಕ್ಟರ್ ಮತ್ತು ಪರದೆ ಕೊಡುತ್ತಿದ್ದೇವೆ. ಸುವರ್ಣ ಮಹೋತ್ಸವದ ಮರುದಿನ ಬೆಳಿಗ್ಗೆ ನಾನು ಶಾಲೆಯಲ್ಲೇ ಇರುತ್ತೇನೆ. ಮೇಷ್ಟ್ರು ಕೂರಿಸಿದ್ದ ಅದೇ ದೊಡ್ಡ ಕೊಠಡಿಯಲ್ಲಿ ಮಕ್ಕಳಿಗೆ 'ಮಾಲ್ಗುಡಿ ಡೇಸ್' ತೋರಿಸುತ್ತೇವೆ. ಹಿಂದಿ ಅರ್ಥವಾಗದ ಕಡೆ ಕನ್ನಡದಲ್ಲಿ ಹೇಳಲು ಪಕ್ಕದಲ್ಲಿ ನಾನು ನಿಲ್ಲುತ್ತೇನೆ. ಪ್ರೊಜೆಕ್ಟರ್ ಜೊತೆಗೆ ಒಂದು ಯು.ಪಿ.ಎಸ್. ಕೂಡ ಕೊಡುತ್ತಿದ್ದೇವೆ. ಈ ಸಲ ಸ್ವಾಮಿ ನಿಲ್ದಾಣಕ್ಕೆ ಓಡುವಾಗ ಕರೆಂಟ್ ಹೋದರೂ ರೈಲು ನಿಲ್ಲದು.